ಮುಂದೆ ನಾನು, ಹಿಂದೆ ಮೇಕೆ

ನಿಸರ್ಗದ ಸಾಕ್ಷ್ಯಚಿತ್ರಗಳಲ್ಲಿ ದಾರಿ ತೋರಿಸುವ ಪುಣ್ಯಾತ್ಮರಿಗೆ ಬೆಟ್ಟ ಹತ್ತುವಾಗಲೂ ಏದುಸಿರು ಬರುವುದಿಲ್ಲ, ಗಮನಿಸಿದ್ದೀರಾ? ಪಾಂಡವಪುರದ ಕುಂತಿಬೆಟ್ಟದಲ್ಲಿ ನನಗೆ ಬಂತು. ತಂಗಿಯ ಮಗ ಮೊಬೈಲು ಹಿಡಿದಿದ್ದ. "ವೀಕ್ಷಕರೇ, ಈ ಬೃಹತ್..." ಎಂದೆ, 'ಬಂಡೆ' ಎನ್ನಲು ಉಸಿರಿರಲಿಲ್ಲ. ಹಿಂದಿನಿಂದ ಮೇಕೆಯೊಂದು ಅಂಗಿಯ ತುದಿ ಮೇಯತೊಡಗಿತು. ಅದನ್ನು ಕಾಯುತ್ತಿದ್ದ ಅಜ್ಜಿ, "ಒಬ್ಬೊಬ್ನೇ ಮಾತಾಡ್ತಾವ್ನಲ್ಲ, ಮೇಲ್ಕೋಟೆಗಾದ್ರೂ ಕರ್ಕೊಂಡೋಗಪ್ಪ" ಎಂದು ಹುಡುಗನಿಗೆ ಹೇಳಬೇಕೆ!

ಡೇವಿಡ್ ಅಟೆನ್‌ಬರೋ ಜಾಣರು. 'ವೈಲ್ಡ್ ಕರ್ನಾಟಕ' ಸಾಕ್ಷ್ಯಚಿತ್ರಕ್ಕೆ ಬರೀ ದನಿ ಕೊಟ್ಟು ರಾಷ್ಟ್ರಪ್ರಶಸ್ತಿ ಪಡೆದರು. ಯಾವ ಅಜ್ಜಿಯ ಕಣ್ಣಿಗೂ ಬೀಳಲಿಲ್ಲ.

ಶ್ರೀರಂಗಪಟ್ಟಣದ ರಂಗನತಿಟ್ಟಿನಲ್ಲಿ ನಾನು ಗಂಟಲು ಸರಿಮಾಡಿಕೊಳ್ಳುವಷ್ಟರಲ್ಲಿ ದೋಣಿಯವರೇ ಪಕ್ಷಿತಜ್ಞ ಸಲೀಂ ಅಲಿಯವರ ಸಲಹೆ, 1940ರ ಪಕ್ಷಿಧಾಮದ ಘೋಷಣೆ ಎಲ್ಲ ಹೇಳಿ ಮುಗಿಸಿದರು. ಬಂಡೆಯ ಮೇಲಿನ ಮೊಸಳೆ ಬಾಯಿ ತೆರೆದೇ ಇತ್ತು, ಬಹುಶಃ ಆಕಳಿಕೆ. ನಾಗಮಂಗಲದ ಆದಿಚುಂಚನಗಿರಿಯಲ್ಲಿ ನವಿಲು ಬೆನ್ನು ತಿರುಗಿಸಿತು. ಕೆ.ಆರ್. ಪೇಟೆಯ ಹೇಮಗಿರಿಯಲ್ಲಂತೂ ಹೇಮಾವತಿಯ ಭೋರ್ಗರೆತಕ್ಕೆ ನನ್ನ ಒಂದು ಮಾತೂ ದಾಖಲಾಗಲಿಲ್ಲ.

ಇಡೀ ಚಿತ್ರದಲ್ಲಿ ನೋಡುವಂತಿರುವುದು ಅದೊಂದೇ ಭಾಗ ಎಂದು ಮನೆಯವರೆಲ್ಲರ ಅಭಿಪ್ರಾಯ. ನೀವೂ ಹೋಗಿಬನ್ನಿ, ಮೇಕೆಯಿಂದ ಸ್ವಲ್ಪ ದೂರ ನಿಲ್ಲಿ.