ಕತ್ತಲೆಯ ರಾಜಕುಮಾರನೂ ಟೀವಿ ರಿಮೋಟೂ

ಬಾವಲಿಯ ತಲೆ ಕಚ್ಚಿದವನನ್ನು ನೋಡಿ ನಮ್ಮಮ್ಮ ‘ಪಾಪ’ ಅಂದಾರೆಂದು ನಾನು ಕನಸಿನಲ್ಲೂ ಎಣಿಸಿರಲಿಲ್ಲ.

ಆಸಾಮಿ ‘ಕತ್ತಲೆಯ ರಾಜಕುಮಾರ’ ಎನಿಸಿಕೊಂಡ ಗಾಯಕ ಆಜಿ ಆಸ್ಬೋರ್ನ್. ಬರ್ಮಿಂಗ್‌ಹ್ಯಾಮಿನ ಕಾರ್ಮಿಕರ ಮನೆಯ ಹುಡುಗ. ಕಸಾಯಿಖಾನೆಯಲ್ಲಿ ದುಡಿದ, ಕಳ್ಳತನ ಮಾಡಿ ಜೈಲಿಗೂ ಹೋಗಿಬಂದ. 1968ರಲ್ಲಿ ಗೆಳೆಯರ ಜೊತೆ ಕಟ್ಟಿದ ಬ್ಯಾಂಡು ಮುಂದೆ ‘ಬ್ಲ್ಯಾಕ್ ಸಬ್ಬತ್’ ಆಗಿ ಹೆವಿ ಮೆಟಲ್ಲಿಗೇ ನಾಂದಿಯಾಯಿತು. 1979ರಲ್ಲಿ ಇವನ ಕುಡಿತ, ಮಾದಕವಸ್ತುಗಳ ಹಾವಳಿ ತಾಳಲಾರದೆ ಬ್ಯಾಂಡಿನವರೇ ಇವನನ್ನು ಹೊರಹಾಕಿದರು. ಉಳಿದ ಮೂವರೂ ಅಂಥ ಮಡಿವಂತರೇನಲ್ಲ ಎನ್ನುವುದನ್ನು ನೆನೆದರೆ, ಇವನ ಪ್ರತಾಪ ಎಷ್ಟಿದ್ದಿರಬೇಕು! 1982ರಲ್ಲಿ ಅಮೆರಿಕದ ಡಿ ಮಾಯ್ನ್ ನಗರದ ವೇದಿಕೆಗೆ ಅಭಿಮಾನಿಯೊಬ್ಬ ಬಾವಲಿ ಎಸೆದ. ರಬ್ಬರಿನದೆಂದುಕೊಂಡು ಕಚ್ಚಿದೆ ಎಂದು ಇವನೇ ಆಮೇಲೆ ಹೇಳಿಕೊಂಡ. ರೇಬಿಸ್ ಚುಚ್ಚುಮದ್ದಂತೂ ರಬ್ಬರಿನದಾಗಿರಲಿಲ್ಲ.

ಇಂಥವನ ಬೆವರ್ಲಿ ಹಿಲ್ಸ್ ಮನೆಯೊಳಕ್ಕೆ 2002ರಲ್ಲಿ ಎಂಟೀವಿಯವರು ಕ್ಯಾಮೆರಾ ತಂದಿಟ್ಟರು. ಕಾರ್ಯಕ್ರಮದ ಹೆಸರು ‘ದಿ ಆಸ್ಬೋರ್ನ್ಸ್’. ವೇದಿಕೆಯ ಮೇಲೆ ಸೈತಾನನ ಬಂಟನಂತೆ ಅಬ್ಬರಿಸುತ್ತಿದ್ದವನು ಇಲ್ಲಿ ಮಾಡುವುದೇನು? ಕಸದ ಚೀಲ ಕಟ್ಟುತ್ತಾನೆ. ಸಾಕುನಾಯಿಗಳು ಕಂಡಕಂಡಲ್ಲಿ ಮಾಡಿದ ಗಲೀಜಿಗೆ ಶಪಿಸುತ್ತಾನೆ. ಹದಿಹರೆಯದ ಮಕ್ಕಳಿಗೆ ಬುದ್ಧಿ ಹೇಳುತ್ತಾನೆ, ಅವು ಕೇಳುವುದಿಲ್ಲ. ಹೆಂಡತಿ ಶ್ಯಾರನ್ನೇ ಅವನ ಮ್ಯಾನೇಜರ್. ಹೀಗಾಗಿ ಮನೆಯಲ್ಲಿ ಸೋತು ಆಫೀಸಿಗೆ ಓಡಿಹೋಗುವ ಗಂಡಸರ ಹಳೆಯ ಉಪಾಯವೂ ಅವನಿಗಿಲ್ಲ. ಪಕ್ಕದ ಮನೆಯವರ ಸಂಗೀತ ಜೋರಾಯಿತೆಂದು ಈ ಸಂಸಾರ ಜಗಳಕ್ಕೆ ನಿಂತದ್ದೂ ಉಂಟು. ಯಾರಿಗೆ ಜೋರಾಯಿತು ಎಂಬುದನ್ನು ದಯವಿಟ್ಟು ಗಮನಿಸಬೇಕು. ಶ್ಯಾರನ್ ಬೇಲಿಯಾಚೆಗೆ ಎಸೆದದ್ದು ಕಲ್ಲಲ್ಲ, ಹಂದಿಮಾಂಸದ ಇಡೀ ಗಟ್ಟಿ.

ಮೊನ್ನೆ ನಾನು ಮೊಬೈಲಿನಲ್ಲಿ ನೋಡುತ್ತಿದ್ದುದು ಆ ಕಾರ್ಯಕ್ರಮದ ರಿಮೋಟಿನ ದೃಶ್ಯ. ಗುಂಡಿ ಒತ್ತುತ್ತಾನೆ, ಬೈಯುತ್ತಾನೆ, ಮತ್ತೆ ಒತ್ತುತ್ತಾನೆ. ಟೀವಿ ಜಪ್ಪಯ್ಯ ಎಂದರೂ ಮಾತು ಕೇಳದು. ಆಗವನಿಗೆ 53 ವರ್ಷ, ನಡಿಗೆಯಲ್ಲಿ ಎಪ್ಪತ್ತು. ಅಮ್ಮ ಹಿಂದಿನಿಂದ ಇಣುಕಿ, “ಪಾಪ, ವಯಸ್ಸಾದೋರು. ಮಕ್ಕಳು ಬೈಯದೆ ಒಂದ್ಸಲ ಹೇಳಿಕೊಡಬಾರದಾ?” ಅಂದರು. ನಮ್ಮನೆ ಸೆಟ್‌ಟಾಪ್ ಬಾಕ್ಸಿನ ರಿಮೋಟ್ ಅವರ ಕೈಯಲ್ಲೇ ಇತ್ತು.

ಅಮ್ಮಂದಿರ ವಿಷಯದಲ್ಲಿ ನಮ್ಮನೆಯದೇನೂ ವಿಶೇಷವಲ್ಲ. ಅದೇ 2002ರಲ್ಲಿ ವಾಷಿಂಗ್ಟನ್ನಿನ ಪತ್ರಕರ್ತರ ಔತಣಕ್ಕೆ ಆಜಿ ಹೋದಾಗ, ಅಧ್ಯಕ್ಷ ಜಾರ್ಜ್ ಡಬ್ಲ್ಯು. ಬುಷ್ ತಮ್ಮ ತಾಯಿಗೆ ಇವನ ಹಾಡೆಂದರೆ ಇಷ್ಟ ಎಂದು ತಮಾಷೆ ಮಾಡಿದರು. ಹಿಂದೆ ಇವನ ರೆಕಾರ್ಡು ಮಕ್ಕಳ ಕೈಗೆ ಸಿಗದಂತೆ ಬಚ್ಚಿಟ್ಟ ತಾಯಂದಿರು ಎಷ್ಟು ಜನವೋ! ಕಾರ್ಯಕ್ರಮಕ್ಕೆ ಎಮ್ಮಿ ಪ್ರಶಸ್ತಿಯೂ ಬಂತು. ಹಾಡಲಿಲ್ಲ, ಕುಣಿಯಲಿಲ್ಲ, ಸೋಫಾದ ಮೇಲೆ ಕೂತು ಗೊಣಗಿದ. ನಮ್ಮ ಓಣಿಯಲ್ಲೂ ಈ ಕಲೆಯಲ್ಲಿ ಪಳಗಿದ ಯಜಮಾನರಿಗೆ ಕೊರತೆಯಿಲ್ಲ. ಅವರಿಗೆ ಇಲ್ಲದ್ದು ಶ್ಯಾರನ್‌ಳಂಥ ಮ್ಯಾನೇಜರ್.

ಇಷ್ಟಾದರೂ ಆ ದಂಪತಿಯ ಮಕ್ಕಳಲ್ಲಿ ಕೆಲ್ಲಿ, ಜ್ಯಾಕ್ ಮಾತ್ರ ತೆರೆಯ ಮೇಲೆ ಕಾಣುತ್ತಾರೆ. ಹಿರಿಮಗಳು ಏಮಿ ಕ್ಯಾಮೆರಾ ಬೇಡವೇ ಬೇಡ ಎಂದು ಗಂಟುಮೂಟೆ ಕಟ್ಟಿ ಬೇರೆ ಮನೆಗೆ ಹೋದಳು. ಅಪ್ಪನ ಬಂಡಾಯದ ರಕ್ತ ಅವಳಿಗೇ ಪೂರ್ತಿ ಇಳಿದಿತ್ತು ಅಂತ ನನ್ನ ಗುಮಾನಿ.