ಮುಖಮರೆ ಮೀಮಾಂಸೆ

ಇಲ್ಲಿ ಹೊಳಲು ಎಂದರೆ ಮಂಡ್ಯ ತಾಲ್ಲೂಕಿನ ಹೊಳಲು. ಕೆ.ಆರ್. ಪೇಟೆಯ ಹೊಸಹೊಳಲಿನವರು ತಮ್ಮ ಹೊಯ್ಸಳ ಗುಡಿಯ ಸಮೇತ ಈ ಪ್ರಬಂಧದ ವ್ಯಾಪ್ತಿಗೆ ಹೊರಗು. ವಿಷಯ: ವೈರಲ್ ವಿಡಿಯೊದಲ್ಲಿ ಮುಖಕ್ಕೆ ಬಳಿಯುವ ಬ್ಲರ್ ಯಾರನ್ನು ಯಾರಿಂದ ಮರೆಮಾಡುತ್ತದೆ?

ಪೂರ್ವಪಕ್ಷ: ಮುಖ ಮುಚ್ಚಿದರೆ ಮಾನ ಉಳಿಯಿತು. ಇದು ಎಡಿಟಿಂಗ್ ಆ್ಯಪ್ ಪಂಥದವರ ಮತ.

ಖಂಡನೆ: ಹೊಳಲಿನಲ್ಲಿ ಎಣ್ಣೆ ಹಾಕಿಕೊಂಡ ಗೃಹಸ್ಥರೊಬ್ಬರು ನಾಲೆ ಏರಿಯಿಂದ ಮೊಪೆಡ್ ಸಮೇತ ಕಬ್ಬಿನ ಗದ್ದೆಗೆ ಇಳಿದರೆನ್ನಿ. (ನಿದರ್ಶನ ಕಲ್ಪಿತ, ಲಕ್ಷಣ ಕಲ್ಪಿತವಲ್ಲ.) ಹುಡುಗರು ವಿಡಿಯೊ ಮಾಡಿ, ಪಾಪಭೀತಿಯಿಂದ ಮುಖಕ್ಕೆ ನಗುವ ಇಮೋಜಿ ಅಂಟಿಸಿದರು. ಫೋನು ಅರಳಿಕಟ್ಟೆಗೆ ಬಂತು. ಮೊದಲ ವಿದ್ವಾಂಸರು ಹಾಲಿನ ಕ್ಯಾನು ನೋಡಿ ಬೀದಿ ಹೇಳಿದರು. ಎರಡನೆಯವರು ಪಟಾಪಟಿ ಚಡ್ಡಿ ನೋಡಿ ಮನೆ ಹೇಳಿದರು. ಮೂರನೆಯವರಿಗೆ ಕಣ್ಣಿನ ಪೊರೆ, ನರಳಿದ ಸದ್ದು ಕೇಳಿಯೇ, "ಅಯ್, ನಮ್ ಬೀಗ್ರು ಕಲಾ ಅದು!" ಎಂದು ಸಿದ್ಧಾಂತ ಸ್ಥಾಪಿಸಿದರು. ಇಮೋಜಿಯ ಅಡಿಯಲ್ಲಿ ನಿಜಕ್ಕೂ ಮರೆಯಾದದ್ದು ಒಡೆದ ತುಟಿಯ ರಕ್ತ ಮಾತ್ರ. ಮುಖ ನಗುತ್ತಿದ್ದುದರಿಂದ ಆಸ್ಪತ್ರೆಯ ಮಾತು ಯಾರೂ ಎತ್ತಲಿಲ್ಲ.

ಆದ್ದರಿಂದ ಬ್ಲರ್ ದಿಲ್ಲಿಯವನಿಗೆ ಮರೆ, ಬೀಗರಿಗಲ್ಲ. ದಿಲ್ಲಿಯವನಿಗೆ ಮುಖ ತೋರಿಸಿದ್ದರೂ ಗುರುತು ಸಿಗುತ್ತಿರಲಿಲ್ಲ. ಮಾನ ಹೋಗುವುದೋ ಬೀಗರ ಮುಂದೆಯೇ.

ಕಾನೂನಿಗೆ ಈ ಸೂಕ್ಷ್ಮ ತಿಳಿದಿದೆ. 2015ರ ಬಾಲನ್ಯಾಯ ಕಾಯ್ದೆಯ 74ನೇ ಕಲಂ, ಪ್ರಕರಣದಲ್ಲಿರುವ ಮಗುವಿನ ಚಿತ್ರವಷ್ಟೇ ಅಲ್ಲ, ಹೆಸರು, ವಿಳಾಸ, ಶಾಲೆ, ಗುರುತು ಹತ್ತಿಸುವ ಇನ್ನಾವ ವಿವರವನ್ನೂ ಹಾಕಕೂಡದು ಎನ್ನುತ್ತದೆ. ಅದನ್ನು ಬರೆದವರು ಎಲ್ಲೋ ಅರಳಿಕಟ್ಟೆಯಲ್ಲಿ ಕೂತೆದ್ದವರೇ ಇರಬೇಕು. ಖಾಸಗಿತನ ಮೂಲಭೂತ ಹಕ್ಕೆಂದು 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳು ಒಮ್ಮತದಿಂದ ಹೇಳಿದ ತೀರ್ಪು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರ ಹೆಸರಿನಲ್ಲಿದೆ. ಪುಟ್ಟಸ್ವಾಮಿಗಳಿಲ್ಲದ ಊರು ನಮ್ಮ ಜಿಲ್ಲೆಯಲ್ಲಿ ಹುಡುಕಿದರೂ ಸಿಗದು; ತೀರ್ಪು ಮಾತ್ರ ಇನ್ನೂ ಊರು ತಲುಪಿಲ್ಲ. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ ಸ್ವಂತಕ್ಕೆ, ಮನೆಬಳಕೆಗೆ ವಿನಾಯಿತಿ ಕೊಟ್ಟಿದೆ. ನಾನೂರು ಜನರ ವಾಟ್ಸ್ಆ್ಯಪ್ ಗ್ರೂಪು ಮನೆಯೋ ಬೀದಿಯೋ ಎಂಬುದಕ್ಕೆ ಭಾಷ್ಯ ಬರೆಯುವವರು ಬೇಕಾಗಿದ್ದಾರೆ.

ಉಪಸಿದ್ಧಾಂತ: ಎಲ್ಲ ವಿಡಿಯೊಗಳಲ್ಲೂ ಖರ್ಚಿಲ್ಲದೆ ಮರೆಯಾಗಿರುವ ಮುಖ ಫೋನು ಹಿಡಿದವನದು.

ಉಳಿದದ್ದು ಒಂದೇ ವಿವಾದ. ನಾಟಿ ಗದ್ದೆಯಲ್ಲಿ ಕ್ಯಾಮೆರಾ ಕಂಡೊಡನೆ ಮುಖಕ್ಕೆ ಸೆರಗು ಎಳೆದುಕೊಂಡ ಹೆಂಗಸು ಏನೆಂದಳು? ಬೇಡ ಎಂದಳು ಎಂಬುದು ಈ ಲೇಖಕನ ಮತ. ಹುಡುಗರ ಪಂಥ "ನಾಚ್ಕೆ ಕನಣ್ಣೋ" ಎಂದು ವ್ಯಾಖ್ಯಾನಿಸಿ, ಆ ಗಳಿಗೆಯನ್ನೇ ಥಂಬ್‌ನೇಲ್ ಮಾಡಿಕೊಂಡಿದೆ.