ಶೂನ್ಯ ಟಿಕೆಟ್ಟಿನ ಅರ್ಥಶಾಸ್ತ್ರ

2023ರ ಜೂನ್ 11ರಂದು ಕರ್ನಾಟಕದಲ್ಲಿ ಶಕ್ತಿ ಯೋಜನೆ ಜಾರಿಗೆ ಬಂದು, ರಾಜ್ಯದ ಹೆಣ್ಣುಮಕ್ಕಳು ಸಾರಿಗೆ ನಿಗಮಗಳ ಸಾಮಾನ್ಯ ಬಸ್ಸುಗಳಲ್ಲಿ ಹಣ ಕೊಡದೆ ಓಡಾಡತೊಡಗಿದ ಮೇಲೆ, ಅರ್ಥಶಾಸ್ತ್ರದ ಚರ್ಚೆ ವಿಶ್ವವಿದ್ಯಾಲಯಗಳನ್ನು ಬಿಟ್ಟು ಬಸ್ಸು ಹತ್ತಿತು. ಅಂಥ ಬಸ್ಸೊಂದರಲ್ಲಿ ನಿವೃತ್ತ ಅಧಿಕಾರಿಗೂ ನಿರ್ವಾಹಕನಿಗೂ ನಡೆದಿರಬಹುದಾದ ಸಂವಾದ ಹೀಗಿದೆ.

ಅಧಿಕಾರಿ: ಕಂಡಕ್ಟ್ರೇ, ಆ ಹೆಂಗಸಿನ ಕೊರಳಲ್ಲಿ ಎರಡೆಳೆ ಸರವಿದ್ದರೂ ಶೂನ್ಯ ಟಿಕೆಟ್ಟೇ? ಬಡವರನ್ನಷ್ಟೇ ಗುರುತಿಸಿ ಸೌಲಭ್ಯ ಕೊಡುವ ‘ಗುರಿನಿರ್ದೇಶಿತ’ ನೀತಿಯನ್ನು ನಿಮ್ಮ ಇಲಾಖೆ ಕೇಳಿಯೇ ಇಲ್ಲವೇ?

ನಿರ್ವಾಹಕ: ಕೇಳಿದೆ ಸಾರ್. ಬಡತನ ತೋರಿಸಲು ಆದಾಯ ಪ್ರಮಾಣಪತ್ರ, ಅದಕ್ಕೆ ನಾಡಕಚೇರಿ, ಅಲ್ಲಿಗೆ ಹೋಗಲು ಬಸ್ಸು, ಬಸ್ಸಿಗೆ ಟಿಕೆಟ್ಟು; ಹೀಗೆ ಅರ್ಹರೇ ಹೊರಗುಳಿಯುವುದನ್ನು ಪಂಡಿತರು ‘ಹೊರಗಿಡುವಿಕೆಯ ದೋಷ’ ಎನ್ನುತ್ತಾರಂತೆ. ಎಲ್ಲರಿಗೂ ಕೊಟ್ಟರೆ ಆ ದೋಷವಿಲ್ಲ, ಸರದವರೂ ಹತ್ತುತ್ತಾರೆ, ಅಷ್ಟೆ.

ಅಧಿಕಾರಿ: ಖಜಾನೆಯ ಗತಿ?

ನಿರ್ವಾಹಕ: 2019ರಲ್ಲಿ ಕೇಂದ್ರವು ವಿನಾಯಿತಿಗಳನ್ನು ಬಿಡಲೊಪ್ಪುವ ಕಂಪನಿಗಳ ತೆರಿಗೆಯನ್ನು ಶೇ 22ಕ್ಕೆ ಇಳಿಸಿ, ಆ ಸಲದ ಕ್ರಮಗಳಿಂದ ವರ್ಷಕ್ಕೆ 1.45 ಲಕ್ಷ ಕೋಟಿ ರೂಪಾಯಿ ಖೋತಾ ಎಂದು ತಾನೇ ಲೆಕ್ಕ ಹೇಳಿದಾಗ ತಾವು ಯಾವ ಬಸ್ಸಿನಲ್ಲಿ ಕೇಳಿದಿರಿ?

ಅಧಿಕಾರಿ: ಅದು ಉದ್ಯೋಗ ಸೃಷ್ಟಿಗಾಗಿ.

ನಿರ್ವಾಹಕ: ಇವರು ಗಾರ್ಮೆಂಟ್ಸ್ ಕೆಲಸಕ್ಕೇ ಹೊರಟಿದ್ದಾರೆ.

(ಸರ್ಕಾರ ನಿಗಮಗಳಿಗೆ ತುಂಬಿಕೊಡಬೇಕಾದ ಹಣ ಬಾಕಿ ಬೀಳುವುದು ಈ ಯೋಜನೆಯ ನಿಜವಾದ ಹುಳುಕು; ಅಧಿಕಾರಿಗಳಿಗೆ ಕಂಡದ್ದು ಮಾತ್ರ ಸರ.)

ಅಧಿಕಾರಿ: ಆಯಿತು, ಹಿರಿಯ ನಾಗರಿಕರ ಟಿಕೆಟ್ ಒಂದು ಕೊಡಿ.

ಅರವತ್ತು ತುಂಬಿದವರಿಗೆ ನಿಗಮ ಕೊಡುವ ಶೇ 25ರ ಆ ರಿಯಾಯಿತಿಗೆ ಆದಾಯ ಪ್ರಮಾಣಪತ್ರ ಬೇಕಿಲ್ಲ.